ತಿಪಾಯಿಯಿಂದ ಎದ್ದ ಮೇಲೆ

"ಈಕಿ ಎಂ.ಎ. ಮುಗಿಸಿದ ದಿನ ನಾ ಮತ್ತ ಭಜನ್ಯಾಗ ಮುಂದ ಕುಂತು ಪದಾ ಹೇಳ್ತೀನಿ, ಹೋಗ್ರಿ" ಎಂದವಳು ನಮ್ಮ ಸೋದರತ್ತೆ ಅಮರಮ್ಮ. ಹೇಳಿದ್ದು ದೇವದುರ್ಗದ ಬಸ್ ನಿಲ್ದಾಣದ ಎದುರಿಗೆ, ತನ್ನ ಮಂಡಕ್ಕಿ ಒಗ್ಗರಣಿ-ಮಿರ್ಚಿ ಅಂಗಡಿಯಲ್ಲಿ, ಕಾದ ಎಣ್ಣೆಯೊಳಗೆ ಮೆಣಸಿನಕಾಯಿ ಬಿಡುತ್ತ. ತಿನ್ನಲು ಕೂತವರೆಲ್ಲ ನಕ್ಕರು. ನನಗೆ ನಗು ಬರಲಿಲ್ಲ. ಅತ್ತೆ ಭಜನೆಯಲ್ಲಿ ಪದ ಹಾಡುವುದನ್ನು ನಿಲ್ಲಿಸಿದ್ದು ನಾನು ಹುಟ್ಟುವ ಮೊದಲು. ಆಕೆ ಮತ್ತೆ ಬಾಯಿ ತೆರೆಯುವುದಿಲ್ಲ ಎಂಬುದು ಓಣಿಗೆಲ್ಲ ಗೊತ್ತಿದ್ದ ಸಂಗತಿ. ನನ್ನ ಓದನ್ನು ಆ ಮುಚ್ಚಿದ ಬಾಯಿಗೆ ಕಟ್ಟಿ, ಎರಡೂ ಆಗುವುದಲ್ಲ ಎಂದು ಒಂದೇ ಮಾತಿನಲ್ಲಿ ಮುಗಿಸಿದ್ದಳು.

ಇದು ಈಗ ನೆನಪಾದದ್ದು ಒಂದು ತಿಪಾಯಿಯಿಂದ. ಮೂರು ಕಾಲಿನ, ಮೊಣಕಾಲೆತ್ತರದ, ಎಣ್ಣೆ ಕುಡಿದು ಕರ್ರಗಾದ ಮರದ ತಿಪಾಯಿ. ಅತ್ತೆ ಒಲೆಯ ಮುಂದೆ ಅದರ ಮೇಲೇ ಕೂತು ಬದುಕು ಕರಿದವಳು. ಮೊಣಕಾಲು ನೋವು ಶುರುವಾದ ಮೇಲೆ ಎತ್ತರದ ಪ್ಲಾಸ್ಟಿಕ್ ಕುರ್ಚಿ ತಂದುಕೊಂಡಳು. ತಿಪಾಯಿ ನನ್ನ ಜೊತೆ ಮಾನ್ವಿಗೆ ಬಂತು. ಇಲ್ಲಿ ಒಂದು ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕಿಯಾಗಿ ಇಂಗ್ಲಿಷ್ ಹೇಳಿಕೊಡುತ್ತೇನೆ. ಮೊನ್ನೆ ಮನೆಗೆ ಬಂದ ವಿದ್ಯಾರ್ಥಿನಿಯೊಬ್ಬಳು ಅದರ ಮೇಲೆ ಕೂರಲು ಹೋಗಿ ಗಾಬರಿಯಿಂದ ಎದ್ದಳು.

"ಮೇಡಂ, ಇದು ಅಲ್ಲಾಡ್ತದರೀ. ಇನ್ನೂ ಯಾಕ ಇಟ್ಕೊಂಡೀರಿ?"

"ಅದು ನನ್ನ ಸ್ಕಾಟ್ಲೆಂಡ್ ನೋಡವ್ವಾ, ಇರಲಿ" ಎಂದೆ.

ಆಕೆ ಕಿಟಕಿಯ ಕಡೆ ನೋಡಿದಳು. ಬಿಸಿಲು ಹೆಚ್ಚಾಗಿ ಮೇಡಂ ತಲೆಗೆ ಏರಿದೆ ಎಂದುಕೊಂಡಿರಬೇಕು. ಅದರಲ್ಲಿ ಅವಳ ತಪ್ಪಿಲ್ಲ. ನಮ್ಮ ಕಡೆಯ ಬಿಸಿಲು ಅಂಥಾದ್ದೇ.

ಅಪ್ಪ ಮಾನ್ವಿಯ ಅಕ್ಕಿ ಗಿರಣಿಯಲ್ಲಿ ಚೀಲ ಹೊರುತ್ತಿದ್ದ. ನಮಗೆ ಗಿರಣಿಯ ಹಿಂದೆ ಒಂದೇ ಖೋಲಿ. ಓದಲು ಅಲ್ಲಿ ಜಾಗವಿರಲಿಲ್ಲ, ಆದ್ದರಿಂದ ನನ್ನನ್ನು ದೇವದುರ್ಗದಲ್ಲಿ ಅತ್ತೆಯ ಬಳಿ ಬಿಟ್ಟಿದ್ದರು. ಅಲ್ಲಿ ಜಾಗವಿತ್ತೇನೋ, ಆದರೆ ಹೊಗೆಯೂ ಇತ್ತು. ನನ್ನ ಪುಸ್ತಕಗಳಿಗೆಲ್ಲ ಮಿರ್ಚಿಯ ವಾಸನೆ. ಬಿ.ಎ. ತರಗತಿಯಲ್ಲಿ ನಾನು ಪುಸ್ತಕ ಬಿಚ್ಚಿದರೆ ಪಕ್ಕದವರಿಗೆ ಹಸಿವಾಗುತ್ತಿತ್ತು. ನಮ್ಮ ಮನೆತನದಲ್ಲಿ ಡಿಗ್ರಿ ಅಂತ ಮುಗಿಸಿದವಳು ನಾನೇ ಮೊದಲು. ಅದನ್ನು ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ. ಯಾರೂ ಉಡಿಯಲ್ಲಿ ಹಾಕಿ ಕೊಟ್ಟದ್ದಲ್ಲ ಅದು.

ಇನ್ನು ಅತ್ತೆಯ ಪದದ ಕಥೆ. ನಮ್ಮ ತಾತ ಓಣಿಯ ಬಸವಣ್ಣನ ಗುಡಿಯಲ್ಲಿ ಸೋಮವಾರದ ಭಜನೆಗೆ ಮುಂದೆ ಕೂರುತ್ತಿದ್ದವನು. ಅಲ್ಲಿ ಕೂತವರಲ್ಲಿ ಅಕ್ಷರ ಬಲ್ಲವರು ಕಡಿಮೆ. ಹಾಗಾಗಿ ಮುಂದೆ ಕೂತವರು ಒಂದು ಸಾಲು ಎತ್ತಿ ಕೊಡುವುದು, ಹಿಂದಿನವರು ಅದನ್ನೇ ಹೇಳುವುದು, ಮತ್ತೆ ಮುಂದಿನ ಸಾಲು. ಹಾಗೆ ಎಂಥ ಉದ್ದದ ಪದವೂ ಎಲ್ಲರ ಬಾಯಲ್ಲಿ ದಾಟಿ ಹೋಗುತ್ತಿತ್ತು. ತಾತನ ದನಿ ಒಡೆದ ಮೇಲೆ ಆ ಜಾಗಕ್ಕೆ ಬಂದವಳು ಮಗಳು ಅಮರಮ್ಮ. ಒಮ್ಮೆ ಗೂಗಲ್ ಎಂಬ ಊರಿನ ಅಲ್ಲಮಪ್ರಭುವಿನ ಗುಡಿಗೆ ಹೋದಾಗ, ಕೃಷ್ಣೆಯ ದಂಡೆಯಲ್ಲಿ ಕೂತು ಆಕೆ ಎತ್ತಿದ ಸಾಲಿಗೆ ನೀರಿಗಿಳಿದವರೂ ನಿಂತಲ್ಲೇ ದನಿಗೂಡಿಸಿದರಂತೆ. ನಾನು ಕೇಳಿದವಳಲ್ಲ. ಕೇಳಿದವರು ಹೇಳುವಾಗ ಅವರ ಮುಖ ನೋಡಿದ್ದೇನೆ, ಅಷ್ಟೆ.

ಅತ್ತೆಯನ್ನು ಅರಕೇರಾಕ್ಕೆ ಕೊಟ್ಟರು. ಆಕೆಯ ಗಂಡ, ನಮ್ಮ ಮಾಮ, ಕಟ್ಟಡದ ಕೆಲಸಕ್ಕೆ ಪುಣೆಗೆ ಹೋದ. ಹಬ್ಬಕ್ಕೆ ಬರ್ತೀನಿ ಎಂದವನು ಹಬ್ಬಕ್ಕೂ ಬರಲಿಲ್ಲ, ಮಳೆಗೂ ಬರಲಿಲ್ಲ. ಅಲ್ಲೇ ಇನ್ನೊಂದು ಮನೆ ಮಾಡಿದ ಸುದ್ದಿ ಮಾತ್ರ ಬಂತು. ಅತ್ತೆ ತವರಿಗೆ ಬಂದಳು, ತಾಳಿ ತೆಗೆದು ಕುಂಕುಮದ ಡಬ್ಬಿಯಲ್ಲಿಟ್ಟಳು, ಅಂಗಡಿ ಹಾಕಿದಳು. ಮುಂದಿನ ಸೋಮವಾರ ಗುಡಿಗೆ ಹೋದಾಗ ಹಿರಿಯರು ತಡೆದರು. ಗಂಡ ಬದುಕಿರುವಾಗಲೇ ತಾಳಿ ತೆಗೆದವಳು ಮುಂದೆ ಕೂತು ದೇವರ ಪದ ಎತ್ತಿಕೊಡಬಾರದಂತೆ. "ನಾವು ಹೇಳೋತನಕಾ ಬಾಗಲ ಕಡೆ ಕುಂದ್ರು" ಎಂದರು.

ಅತ್ತೆ ಬಾಗಿಲ ಕಡೆ ಕೂತಳು. ಚಪ್ಪಲಿ ಬಿಡುವ ಜಾಗ ಅದು. ನನಗೆ ಬುದ್ಧಿ ಬಂದಾಗಿನಿಂದ ಪ್ರತಿ ಸೋಮವಾರ ಆಕೆಯ ಪಕ್ಕದಲ್ಲಿ, ಚಪ್ಪಲಿಗಳ ನಡುವೆ ನಾನೂ ಕೂತಿದ್ದೇನೆ. ಒಳಗೆ ಪದ ನಡೆದಿರುತ್ತಿತ್ತು. ಅತ್ತೆಯ ತುಟಿ ಅಲ್ಲಾಡುತ್ತಿರಲಿಲ್ಲ. ಹಿಂದಿನವರ ಜೊತೆ ಹೇಳಬೇಡ ಎಂದು ಯಾರೂ ಅಂದಿರಲಿಲ್ಲ, ಆದರೂ ಹೇಳುತ್ತಿರಲಿಲ್ಲ. ಒಂದು ವಾರವೂ ತಪ್ಪಿಸುತ್ತಿರಲಿಲ್ಲ. ಅದು ವಿಧೇಯತೆಯೋ ಹಟವೋ ನನಗೆ ಇವತ್ತಿಗೂ ತಿಳಿದಿಲ್ಲ.

ಹೀಗಿರುವಾಗ ನಾನು ರಾಯಚೂರಿಗೆ ಎಂ.ಎ. ಓದಲು ಹೋದೆ. ಕೊನೆಯ ವರ್ಷ ಒಂದು ಡಿಸರ್ಟೇಶನ್ ಬರೆಯಬೇಕು. ವಿಷಯ ಹಂಚುವ ದಿನ ನಾನು ದೇವದುರ್ಗದಿಂದ ಮರಳುತ್ತಿದ್ದ ಬಸ್ಸು ದಾರಿಯಲ್ಲೇ ಕೆಟ್ಟು ನಿಂತಿತು. ನಾನು ಬೆವರು ಒರೆಸಿಕೊಳ್ಳುತ್ತ ಒಳಗೆ ಹೋಗುವಷ್ಟರಲ್ಲಿ ಒಳ್ಳೊಳ್ಳೆಯ ಕವಿಗಳನ್ನೆಲ್ಲ ಗೆಳತಿಯರು ಎತ್ತಿಕೊಂಡು ಹೋಗಿದ್ದರು. ನನ್ನ ಮಾರ್ಗದರ್ಶಕರಾದ ನಸ್ರೀನ್ ಮೇಡಂ ಕನ್ನಡಕದ ಮೇಲಿಂದ ನೋಡಿ, "ಸ್ಕಾಟ್ಲೆಂಡ್ ಒಂದೇ ಉಳಿದದ ನೋಡಮ್ಮಾ. ಹಳೆಯ ಕಾಲದ್ದು. ರಾಜ, ಧರ್ಮ, ಸಾಹಿತ್ಯ, ಮೂರೂ ಕೂಡಿ ಬರ್ತಾವ. ಯಾರೂ ಮುಟ್ಟಿಲ್ಲ" ಎಂದರು.

"ಯಾಕ ಮುಟ್ಟಿಲ್ಲ ಮೇಡಂ?"

"ಅದನ್ನ ನೀನೇ ಓದಿ ಹೇಳು" ಎಂದು ನಕ್ಕರು.

ಓದಿದೆ. ರಾಯಚೂರಿನ ಏಪ್ರಿಲ್ಲಿನಲ್ಲಿ, ಹಾಸ್ಟೆಲ್ಲಿನ ಫ್ಯಾನು ಬಿಸಿಗಾಳಿಯನ್ನೇ ಮರಳಿ ಮರಳಿ ಹಂಚುತ್ತಿರುವಾಗ, ಒದ್ದೆ ಟವಲ್ಲು ಹೆಗಲಿಗೆ ಹಾಕಿಕೊಂಡು, ಹಿಮ ಬಿದ್ದ ಬೆಟ್ಟಗಳ ನಡುವೆ ಕಲ್ಲಿನ ಚರ್ಚುಗಳಲ್ಲಿ ನಡುಗುತ್ತ ಕೂತವರ ಬಗ್ಗೆ ಓದಿದೆ. ತೊಟ್ಟಿಲಲ್ಲಿರುವಾಗಲೇ ಕಿರೀಟ ಬಂದ ರಾಜ. ಅವನು ಒಂದು ವರ್ಷದವನಿದ್ದಾಗ ತಾಯಿಯನ್ನು ಪಟ್ಟದಿಂದ ಇಳಿಸಿದ್ದರು. ಅವಳ ಮುಖವನ್ನು ಅವನು ಮತ್ತೆ ನೋಡಲಿಲ್ಲ. ದೊಡ್ಡವನಾಗಿ ತಾನೇ ಪದ್ಯ ಬರೆದ, ಕವಿಗಳನ್ನು ಸುತ್ತ ಕೂಡಿಸಿಕೊಂಡ, ಸಾಲು ಹೇಗಿರಬೇಕು, ಪ್ರಾಸ ಹೇಗಿರಬೇಕು ಎಂದು ನಿಯಮವನ್ನೂ ಬರೆದ. ರಾಜನಾದವನು ದೇವರಿಗೆ ಮಾತ್ರ ಉತ್ತರ ಹೇಳಬೇಕು ಎನ್ನುವುದು ಅವನ ನಂಬಿಕೆ. ಅವನೆದುರು ಉಪದೇಶಿಗಳು. ಚರ್ಚಿನೊಳಗೆ ಬಂದರೆ ನೀನೂ ಎಲ್ಲರಂತೆ ಒಬ್ಬ ಎನ್ನುವುದು ಅವರ ವಾದ. ಒಬ್ಬ ಉಪದೇಶಿಯಂತೂ ರಾಜನ ಅಂಗಿಯ ತೋಳನ್ನೇ ಹಿಡಿದು ಆ ಮಾತು ಹೇಳಿದ.

ಇಲ್ಲೇ ನಾನು ಕೆಟ್ಟೆ. ನಾನು ಬೆಳೆದ ಕಡೆ ಮಠದ ಸ್ವಾಮಿಗಳು ತೋಳು ಮುಟ್ಟಿದರೆ ಅದು ಪುಣ್ಯ. ಎಂಥ ಧಣಿಯೂ ಅವರ ಮುಂದೆ ಬಗ್ಗಿ ನಿಲ್ಲುತ್ತಾನೆ. ಹಾಗಾಗಿ ನನ್ನ ಮೊದಲ ಅಧ್ಯಾಯದಲ್ಲಿ, ಉಪದೇಶಿ ತೋಳು ಹಿಡಿದು ಆಶೀರ್ವದಿಸಿದ, ರಾಜ ಕೃತಾರ್ಥನಾದ ಎಂದು ಬರೆದೆ. ಅಷ್ಟಕ್ಕೆ ನಿಲ್ಲಲಿಲ್ಲ. ಜನ ಭಾನುವಾರ ಚರ್ಚಿಗೆ ಬಂದು, ಬಾಗಿಲಲ್ಲಿ ಚಪ್ಪಲಿ ಬಿಟ್ಟು, ಒಳಗೆ ಹೋಗಿ ಕೂತರು ಎಂದೂ ಬರೆದೆ. ಅಲ್ಲಿ ದೇವರ ಮನೆಗೆ ಬೂಟುಗಾಲಲ್ಲೇ ಹೋಗುತ್ತಾರೆ ಎಂಬುದು ನನಗೆ ಹೊಳೆಯಲೇ ಇಲ್ಲ. ಯಾವ ಪುಸ್ತಕದಲ್ಲೂ ಹಾಗೆ ಇರಲಿಲ್ಲ. ನನ್ನ ಕಣ್ಣಿಗೆ ಕಂಡಿತು, ಬರೆದೆ.

ನಸ್ರೀನ್ ಮೇಡಂ ಮೊದಲು ನಕ್ಕರು. ಆಮೇಲೆ ನಗು ನಿಲ್ಲಿಸಿ ಪುಟದ ಮೇಲೆ ಪುಟ ಕೆಂಪು ಗೆರೆ ಎಳೆದರು.

"ತೋಳು ಹಿಡಿದದ್ದು ಆಶೀರ್ವಾದ ಅಲ್ಲಮ್ಮಾ, ಜಗಳ. ರಾಜನ ಸಿಟ್ಟಿಗೆ ಆಮೇಲೆ ಆ ಮನುಷ್ಯ ಜೈಲು ಕಂಡಾನ. ನೀ ಸ್ಕಾಟ್ಲೆಂಡನ್ನ ಎತ್ತಿ ತಂದು ದೇವದುರ್ಗದಾಗ ಇಟ್ಟೀದಿ."

ಮೇಡಂ ಚಪ್ಪಲಿಯ ಸಾಲಿಗೆ ಬಂದಾಗ ಪೆನ್ನು ನಿಂತಿತು.

"ಇದೂ ತಪ್ಪು. ಆದ್ರ ಬರಿಗಾಲಾಗ ಬಾಗಿಲ ಕಡೆ ನಿಂತವರು ಇದ್ದರು. ಭಕ್ತರಲ್ಲ, ತಪ್ಪು ಮಾಡಿದವರು. ಗೋಣಿತಟ್ಟಿನಂಥ ಬಟ್ಟೆ ಉಟ್ಟು ನಿಲ್ಲಬೇಕಿತ್ತು. ಒಳಗ ಅವರಿಗೇ ಅಂತ ಒಂದು ಸ್ಟೂಲು. ಎಲ್ಲರ ಕಣ್ಣೆದುರು, ವಾರಾ ವಾರಾ ಅದರ ಮ್ಯಾಲ ಕೂಡಬೇಕು. ಹೋಗು, ಅದನ್ನ ಓದು. ಈ ಅಧ್ಯಾಯ ಪೂರ್ತಿ ಮತ್ತ ಬರಿ. ಈ ಟರ್ಮಿನೊಳಗ ಆಗಲಿಲ್ಲ ಅಂದ್ರ ವರ್ಷ ಹೋಗ್ತದ."

ಹಾಸ್ಟೆಲ್ಲಿಗೆ ಬಂದು ಟ್ರಂಕು ತುಂಬಿದೆ. ಮೇಡಂ ಮೇಲಿನ ಸಿಟ್ಟಿನಿಂದಲ್ಲ. ಅವರು ಹೇಳಿದ್ದರಲ್ಲಿ ಒಂದಕ್ಷರ ಸುಳ್ಳಿರಲಿಲ್ಲ, ಅದೇ ಕುತ್ತಿಗೆಗೆ ಬಂದಿತ್ತು. ಬೇರೆಯವರು ತಮ್ಮ ಮನೆಯಲ್ಲಿ ಕೇಳಿ ಬೆಳೆದದ್ದನ್ನು ನಾನು ಪ್ರತಿಯೊಂದನ್ನೂ ತಪ್ಪಿ ಕಲಿಯಬೇಕು. ಎಷ್ಟು ಅಂತ ತಪ್ಪುವುದು? ಫೋನಿನಲ್ಲಿ ಅಪ್ಪ, "ಸಾಕು ಬಿಡವ್ವಾ, ಬಿ.ಎ. ಆಗೇದಲ್ಲ. ಗಿರಣಿ ಆಫೀಸಿನಾಗ ಒಬ್ಬರು ಬೇಕಂತ, ಸಾವ್ಕಾರ್ರಿಗೆ ಹೇಳ್ತೀನಿ" ಎಂದ. ಆ ದನಿಯಲ್ಲಿ ಬೇಸರಕ್ಕಿಂತ ನಿರಾಳವೇ ಹೆಚ್ಚಿತ್ತು. ಕೈಗೆಟುಕದಷ್ಟು ದೂರ ಹೋಗುತ್ತಿದ್ದ ಮಗಳು ಮರಳಿ ಬರುತ್ತಾಳಲ್ಲ ಎಂಬ ನಿರಾಳ.

ಮಾನ್ವಿಗೆ ಹೋಗುವ ಮೊದಲು ಅತ್ತೆಗೆ ಮುಖ ತೋರಿಸಿ ಹೋಗೋಣ ಎಂದು ದೇವದುರ್ಗದಲ್ಲಿ ಇಳಿದೆ. ಮಧ್ಯಾಹ್ನದ ಹೊತ್ತು, ಗಿರಾಕಿ ಇರಲಿಲ್ಲ. ಅತ್ತೆ ತಿಪಾಯಿಯ ಮೇಲೆ ಕೂತು ಕಡ್ಲಿಹಿಟ್ಟು ಕಲಸುತ್ತಿದ್ದಳು. ಟ್ರಂಕು ನೋಡಿದಳು.

"ಮುಗೀತೇನು ನಿನ್ನ ಎಂ.ಎ.?"

"ನಿನ್ನ ಮಾತೇ ಖರೆ ಆತು ಅತ್ತಿ. ಆಗೂದಲ್ಲ ನನ್ನ ಕೈಲೆ."

ಗೆದ್ದೆ ಎಂದು ನಗುತ್ತಾಳೆ ಅಂದುಕೊಂಡಿದ್ದೆ. ಆಕೆ ಒಂದು ತಾಟಿನಲ್ಲಿ ಒಗ್ಗರಣಿ ಹಾಕಿ ಮುಂದಿಟ್ಟಳು. "ತಿನ್ನು. ಏನು ಓದಾಕತ್ತಿದ್ದಿ ಅದನ್ನರ ಹೇಳು. ಸುಮ್ಮನ ಯಾಕ ಕುಂತಿ?"

ಹೇಳಿದೆ. ರಾಜ ಪದ್ಯ ಬರೆದದ್ದು, ಉಪದೇಶಿಯ ಜೊತೆ ಜಗಳವಾಡಿದ್ದು. ಆಮೇಲೆ ಇಂಗ್ಲೆಂಡಿನ ಗಾದಿಯೂ ಅವನಿಗೇ ಬಂದು, ಆಗಾಗ ಬರ್ತೀನಿ ಅಂತ ತನ್ನ ಜನಕ್ಕೆ ಮಾತು ಕೊಟ್ಟು ದಕ್ಷಿಣಕ್ಕೆ ಹೋದದ್ದು. ಬದುಕಿರುವತನಕ ಒಂದೇ ಸಲ ಮರಳಿ ಬಂದದ್ದು.

"ಒಂದು ಸಲನಾದ್ರೂ ಬಂದ" ಎಂದಳು ಅತ್ತೆ, ಹಿಟ್ಟಿನಿಂದ ಕಣ್ಣೆತ್ತದೆ. "ನಿಮ್ಮ ಮಾಮಾಗಿಂತ ಚಲೋ."

ಅಲ್ಲಿ ಚರ್ಚಿನಲ್ಲಿ ಓದು ಬಾರದವರು ಹಾಡುತ್ತಿದ್ದ ರೀತಿ ಹೇಳಿದೆ: ಒಬ್ಬ ಮುಂದೆ ನಿಂತು ಒಂದು ಸಾಲು ಎತ್ತಿ ಕೊಡುವುದು, ಎಲ್ಲರೂ ಅದನ್ನೇ ಹೇಳುವುದು. ಅತ್ತೆಯ ಕೈ ಒಂದು ಕ್ಷಣ ನಿಂತು ಮತ್ತೆ ಕಲಸತೊಡಗಿತು. ಕೊನೆಗೆ ಆ ಸ್ಟೂಲಿನ ಸಂಗತಿ ಬಂತು. ಹೇಳಬಾರದಿತ್ತೇನೋ. ಆದರೆ ಬಾಯಿಗೆ ಬಂದಾಗಿತ್ತು. ತಪ್ಪು ಮಾಡಿದರು ಅಂತ ಹಿರಿಯರು ಹೇಳಿದವರನ್ನು ಎಲ್ಲರೆದುರು ಕೂರಿಸುತ್ತಿದ್ದರು ಅತ್ತಿ, ಬರಿಗಾಲಲ್ಲಿ ಬಾಗಿಲ ಕಡೆ ನಿಲ್ಲಿಸುತ್ತಿದ್ದರು, ಎಂದೆ.

ಅತ್ತೆ ಬೋಗುಣಿಯ ಅಂಚಿಗೆ ಹತ್ತಿದ ಹಿಟ್ಟನ್ನು ಬೆರಳಿನಿಂದ ಒಳಗೆ ಎಳೆದುಕೊಂಡಳು. ಎದುರಿಗೆ ಅರಕೇರಾದ ಬಸ್ಸು ಬಂದು, ಜನರನ್ನು ಇಳಿಸಿ, ಹತ್ತಿಸಿಕೊಂಡು ಹೋಯಿತು.

"ಹೆಂಗಸರನ್ನ ಅಷ್ಟ ಕುಂದ್ರಸ್ತಿದ್ದರೋ, ಗಂಡಸರನ್ನೂನೋ?"

"ಗಂಡಸರನ್ನೂ ಕೂಡಿಸ್ತಿದ್ದರು."

"ದೊಡ್ಡವರನ್ನ?"

"ಆ ರಾಜನ ಮೊಮ್ಮಗ ಪಟ್ಟಕ್ಕ ಬರೋ ಮುಂದ, ನಿನ್ನ ಅಪ್ಪ-ಅವ್ವ ತಪ್ಪು ಮಾಡ್ಯಾರ ಅಂತ ಒಪ್ಪಿಕೋ ಅಂದು ಸಹಿ ಹಾಕಿಸಿಕೊಂಡರಂತ."

"ಹಂಗಾದ್ರ ಅಲ್ಲಿ ರಾಜನ್ನೂ ಬಿಡಲಿಲ್ಲ. ಇಲ್ಲಿ ನಿಮ್ಮ ಮಾಮಾನ್ನ ಯಾರೂ ಎಲ್ಲೂ ಕುಂದ್ರಸಲಿಲ್ಲ ನೋಡು." ಹಿಟ್ಟಿನ ಬೋಗುಣಿ ಪಕ್ಕಕ್ಕಿಟ್ಟು, ಮೊದಲ ಸಲ ನನ್ನ ಮುಖ ನೋಡಿದಳು. "ಆತು. ಕುಂತರು. ಎದ್ದ ಮ್ಯಾಲೇನು?"

"ಅಂದ್ರ?"

"ಅಂದ್ರ, ಏಳು ಅಂತ ಯಾರು ಅಂತಿದ್ದರು? ಎದ್ದವರನ್ನ ಆಮ್ಯಾಲ ಎಲ್ಲಿ ಕುಂದ್ರಸ್ತಿದ್ದರು? ಅದನ್ನ ಬರದಿಲ್ಲೇನು ನಿನ್ನ ಪುಸ್ತಕದಾಗ?"

ನನಗೆ ಗೊತ್ತಿರಲಿಲ್ಲ. ಕೂತವರ ಬಗ್ಗೆ ಓದಿದ್ದೆ. ಎದ್ದವರ ಬಗ್ಗೆ ಓದಬೇಕು ಎಂದು ತೋಚಿರಲೇ ಇಲ್ಲ.

"ಗೊತ್ತಿಲ್ಲ ಅತ್ತಿ."

"ಗೊತ್ತಿಲ್ಲ ಅಂದ್ರ ಅರ್ಧಾ ಓದಿ ಬಂದೀದಿ." ಟ್ರಂಕನ್ನು ಕಾಲಿನಿಂದ ನನ್ನ ಕಡೆ ದೂಡಿದಳು. "ನಮ್ಮ ಹಿರ್ಯಾರು ನಾವು ಹೇಳೋತನಕಾ ಅಂದಿದ್ದರು. ಹೇಳದ ಸತ್ತರು, ಒಬ್ಬರಾದ ಮ್ಯಾಲ ಒಬ್ಬರು. ಈಗ ಯಾರು ಹೇಳಬೇಕು ಅನ್ನೂದ ಯಾರಿಗೂ ಗೊತ್ತಿಲ್ಲ. ಆ ದೇಶದಾಗ ಹೆಂಗಿತ್ತು ನೋಡಿ ಬಾ. ಸಂಜಿ ಬಸ್ಸಿಗೆ ಹೋಗು."

ಆಗುವುದಲ್ಲ ಎಂದಿದ್ದವಳೇ ನನ್ನನ್ನು ಬಸ್ಸು ಹತ್ತಿಸಿದಳು. ಕಿಟಕಿಯಿಂದ ಹಳೆ ಪೇಪರಿನಲ್ಲಿ ಕಟ್ಟಿದ ಮಿರ್ಚಿ ಕೊಟ್ಟಳು, ಆಶೀರ್ವಾದ ಏನೂ ಮಾಡಲಿಲ್ಲ.

ಟರ್ಮು ಮುಗಿಯುವತನಕ ನಾನು ಒಂದೇ ಪ್ರಶ್ನೆ ಹಿಡಿದು ಓದಿದೆ. ಗೆಳತಿಯರು ರಾಜರನ್ನು, ಕವಿಗಳನ್ನು ಓದುತ್ತಿದ್ದರು. ನಾನು ಒಂದು ಸ್ಟೂಲಿನಿಂದ ಏಳುವವರನ್ನು ಹುಡುಕುತ್ತಿದ್ದೆ. ಮೇಡಂ ತಮ್ಮ ಮನೆಯ ಕಪಾಟಿನಿಂದಲೂ ಪುಸ್ತಕ ತಂದುಕೊಟ್ಟರು. ಒಂದು ದಿನ ಸಿಕ್ಕಿತು. ಆ ಚರ್ಚಿನವರು ಎಷ್ಟು ಕಠಿಣವೋ ಅಷ್ಟೇ ಕಟ್ಟುನಿಟ್ಟಾಗಿ ಇದನ್ನೂ ಗೊತ್ತುಮಾಡಿದ್ದರು. ಕೂತವನ ಕಾಲ ಮುಗಿದ ಮೇಲೆ ಉಪದೇಶಿ ಎಲ್ಲರೆದುರು, ಇವನು ಇನ್ನು ನಮ್ಮವನು ಎಂದು ಸಾರಬೇಕು. ಹಿರಿಯರು ಬಂದು ಅವನ ಕೈ ಹಿಡಿಯಬೇಕು. ಹಳೆಯ ತಪ್ಪನ್ನು ಮತ್ತೆ ಯಾರೂ ಎತ್ತಿ ಆಡಬಾರದು. ಎಲ್ಲ ಊರಲ್ಲೂ ಹಾಗೇ ನಡೆಯಿತು ಎಂದು ನಾನು ಹೇಳಲಾರೆ. ನಿಯಮ ಇದ್ದಲ್ಲೆಲ್ಲ ನಡತೆ ಇರುವುದಿಲ್ಲ, ಅದನ್ನು ತಿಳಿಯಲು ಸ್ಕಾಟ್ಲೆಂಡಿಗೆ ಹೋಗಬೇಕಿಲ್ಲ. ಆದರೆ ಕೂರಿಸಿದವರ ಮೇಲೆ ಎಬ್ಬಿಸುವ ಹೊಣೆಯೂ ಇತ್ತು. ಆ ಪುಟದ ಮೇಲೆ ತಲೆಯಿಟ್ಟು ಲೈಬ್ರರಿಯಲ್ಲೇ ಅತ್ತುಬಿಟ್ಟೆ. ಪಕ್ಕದವಳು ನೀರಿನ ಬಾಟಲಿ ಮುಂದೆ ಸರಿಸಿದಳು. ಪರೀಕ್ಷೆಯ ಭಯ ಎಂದುಕೊಂಡಿರಬೇಕು.

ನನ್ನ ಕೊನೆಯ ಅಧ್ಯಾಯ ಅದೇ ಆಯಿತು. ಮೌಖಿಕ ಪರೀಕ್ಷೆಗೆ ಹೊರಗಿನಿಂದ ಬಂದಿದ್ದ ಪ್ರೊಫೆಸರರು ಪುಟ ತಿರುವುತ್ತ, "ಎಲ್ಲರೂ ಶಿಕ್ಷೆಯ ಬಗ್ಗೆ ಬರೀತಾರೆ. ನೀವು ಶಿಕ್ಷೆ ಮುಗಿಯೋದರ ಬಗ್ಗೆ ಬರೆದಿದ್ದೀರಲ್ಲ, ಯಾಕೆ?" ಎಂದು ಇಂಗ್ಲಿಷಿನಲ್ಲಿ ಕೇಳಿದರು.

"ಒಬ್ಬರು ಕೇಳಿದ್ದರು ಸರ್" ಎಂದೆ. ಇಂಗ್ಲಿಷಿನಲ್ಲಿ ಅದಕ್ಕಿಂತ ಹೆಚ್ಚು ನನಗೆ ಆಗ ಬರಲಿಲ್ಲ. ಕನ್ನಡದಲ್ಲಿ ಕೇಳಿದ್ದರೂ ಬರುತ್ತಿರಲಿಲ್ಲ. ನಸ್ರೀನ್ ಮೇಡಂ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸಿಕೊಂಡರು.

ಪಾಸಾದೆ. ಸರ್ಟಿಫಿಕೇಟು ಕೈಗೆ ಬರಲು ಮತ್ತಷ್ಟು ಕಾಲ ಹಿಡಿಯಿತು. ಬಂದ ದಿನ ಸೋಮವಾರವಾಗಲಿ ಎಂದು ನಾನೇನೂ ಬೇಡಿಕೊಂಡಿರಲಿಲ್ಲ, ಅದು ಬುಧವಾರವೇ ಬಂತು. ಸೋಮವಾರದತನಕ ಟ್ರಂಕಿನಲ್ಲಿ ಸೀರೆಗಳ ನಡುವೆ ಇಟ್ಟು ಕಾದೆ. ಅಪ್ಪ ಮಾನ್ವಿಯಿಂದ ಬಂದ. ಮೈಮೇಲಿನ ತೌಡು ಝಾಡಿಸಿಕೊಂಡು, ಬೇರೆ ಅಂಗಿ ಹಾಕಿಕೊಂಡು ಬಂದಿದ್ದ.

ಗುಡಿಗೆ ಹೋದಾಗ ಭಜನೆ ಶುರುವಾಗಿತ್ತು. ಮುಂದೆ ಕೂತಿದ್ದವನು ಚನ್ನಬಸಪ್ಪಜ್ಜ. ಹಿಂದೊಮ್ಮೆ ಅತ್ತೆ ಎತ್ತಿಕೊಟ್ಟ ಸಾಲನ್ನು ಹಿಂದೆ ಕೂತು ಹೇಳುತ್ತಿದ್ದವನು, ಈಗ ಅವನೇ ಎಲ್ಲರಿಗಿಂತ ಹಿರಿಯ. ಅತ್ತೆ ಎಂದಿನಂತೆ ಬಾಗಿಲ ಕಡೆ, ಚಪ್ಪಲಿಗಳ ನಡುವೆ ಕೂತಿದ್ದಳು. ನಾನು ಆಕೆಯ ಮುಂದೆ ಮೊಣಕಾಲೂರಿ ಸರ್ಟಿಫಿಕೇಟು ಚಾಚಿದೆ. ಅತ್ತೆ ಎರಡೂ ಕೈಯನ್ನು ಸೀರೆಗೆ ಒರೆಸಿಕೊಂಡು, ಮತ್ತೊಮ್ಮೆ ಒರೆಸಿಕೊಂಡು, ತಗೊಂಡಳು. ಓದಲು ಬಾರದು. ನನ್ನ ಹೆಸರು ಎಲ್ಲಿದೆ ಎಂದು ಬೆರಳಿಟ್ಟು ತೋರಿಸಿದೆ. ಆ ಜಾಗದ ಮೇಲೆ ಆಕೆಯ ಬೆರಳೂ ಬಂತು.

"ಏನಿತ್ತು?" ಎಂದಳು ಮೆಲ್ಲಗೆ. ಸರ್ಟಿಫಿಕೇಟಿನ ಬಗ್ಗೆ ಕೇಳಿದ್ದಲ್ಲ ಎಂದು ನನಗೆ ಗೊತ್ತಿತ್ತು.

"ಹಿರ್ಯಾರು ಬಂದು ಕೈ ಹಿಡೀತಿದ್ದರಂತ ಅತ್ತಿ. ಎಲ್ಲರ ಮುಂದ. ಹಳೇದನ್ನ ಮತ್ತ ಯಾರೂ ಆಡಬಾರದಂತ."

ನನ್ನ ದನಿ ನಾನಂದುಕೊಂಡದ್ದಕ್ಕಿಂತ ದೊಡ್ಡದಾಗಿತ್ತೇನೋ. ಒಳಗೆ ತಾಳ ನಿಂತಿತು. ಹಿಂದೆ ನಿಂತಿದ್ದ ಅಪ್ಪ ಕೆಮ್ಮಿದ. ಚನ್ನಬಸಪ್ಪಜ್ಜ ನಮ್ಮನ್ನು ನೋಡಿದ, ಆ ಸರ್ಟಿಫಿಕೇಟು ನೋಡಿದ. ಕೋಲೂರಿ ಎದ್ದು, ಕೂತವರನ್ನು ದಾಟಿಕೊಂಡು, ಚಪ್ಪಲಿಗಳ ತನಕ ಬಂದ.

"ಅಮರವ್ವಾ" ಎಂದ, "ನಾವು ಬಾಳ ತಡಾ ಮಾಡಿದಿವಿ." ಕೈ ಚಾಚಿದ.

ಅತ್ತೆ ಆ ಕೈಯನ್ನು ಒಮ್ಮೆ ನೋಡಿದಳು. ಸರ್ಟಿಫಿಕೇಟನ್ನು ಎಡಗೈಯಲ್ಲಿ ಎದೆಗೊತ್ತಿಕೊಂಡು ಬಲಗೈ ಕೊಟ್ಟಳು. ಮೊಣಕಾಲು ಲಟಕ್ಕೆಂದಿತು. ಒಳಗೆ ನಡೆದು, ಮುಂದಿನ ಜಾಗದಲ್ಲಿ ಕೂತು, ಸೆರಗು ಸರಿಮಾಡಿಕೊಂಡಳು. ಗಂಟಲು ಸರಿಮಾಡಿಕೊಂಡಳು. ಆಮೇಲೆ ಬಾಗಿಲಲ್ಲೇ ನಿಂತುಬಿಟ್ಟಿದ್ದ ನನ್ನ ಕಡೆ ತಿರುಗಿ ಹೇಳಿದಳು:

"ಎಂ.ಎ. ಆದಾಕಿ ಅಲ್ಲೇನು ಚಪ್ಪಲಿ ಕಾಯಾಕತ್ತೀದಿ, ಒಳಗ ಬಾ. ನಾ ಮುಂದ ಹೇಳ್ತೀನಿ, ನೀ ಹಿಂದ ಹೇಳು."